ಕಿವಿ ಕೇಳದ ಸೆಂಟರ್ ಫೀಲ್ಡರ್ ವಿಲಿಯಂ ಹೋಯ್: ಪದೇ ಪದೇ ಕೇಳುವ ಪ್ರಶ್ನೆಗಳು

ಬೇಸ್‌ಬಾಲ್ ಅಂಪೈರ್ ಬಲಗೈ ಎತ್ತಿ ಸ್ಟ್ರೈಕ್ ಎಂದು ತೋರಿಸುವುದನ್ನು ಕಂಡವರು ಈ ಸನ್ನೆ ಎಲ್ಲಿಂದ ಬಂತು ಎಂದು ಹುಡುಕಲು ಹೊರಟರೆ ಮೊದಲು ಸಿಗುವುದು ವಿಲಿಯಂ ಹೋಯ್ ಅವರ ಹೆಸರು. ಹೆಚ್ಚಿನವರ ಓದು ಅಲ್ಲಿಗೇ ನಿಂತುಬಿಡುತ್ತದೆ. ಸನ್ನೆಯ ಪ್ರಶ್ನೆಗೆ ಕೆಳಗೆ ಉತ್ತರವಿದೆ, ಆದರೆ ಅದರ ಸರದಿ ಬಂದಾಗ. ಹದಿನಾಲ್ಕು ಸೀಸನ್ ಆಡಿದ ಮನುಷ್ಯನನ್ನು ಒಂದು ಕೈಸನ್ನೆಗೆ ಇಳಿಸುವುದು ನನಗೆ ಒಪ್ಪಿಗೆಯಿಲ್ಲ.

ವಿಲಿಯಂ ಹೋಯ್ ಯಾರು?

1888ರಿಂದ 1902ರವರೆಗೆ ಅಮೆರಿಕದ ಬೇಸ್‌ಬಾಲ್‌ನ ಅತಿ ಮೇಲಿನ ಮಟ್ಟವಾದ ಮೇಜರ್ ಲೀಗ್‌ಗಳಲ್ಲಿ ಆಡಿದ ಔಟ್‌ಫೀಲ್ಡರ್. ಹುಟ್ಟಿದ್ದು 1862ರ ಮೇ 23ರಂದು, ಒಹಾಯೊ ರಾಜ್ಯದ ಹೌಕ್‌ಟೌನ್ ಎಂಬ ಹಳ್ಳಿಯಲ್ಲಿ, ಒಕ್ಕಲು ಮನೆತನದಲ್ಲಿ. ಎತ್ತರ ಐದೂವರೆ ಅಡಿಯ ಆಸುಪಾಸು. ಬ್ಯಾಟ್ ಹಿಡಿಯುತ್ತಿದ್ದುದು ಎಡಗೈ ಆಟಗಾರರಂತೆ, ಚೆಂಡು ಎಸೆಯುತ್ತಿದ್ದುದು ಬಲಗೈಯಲ್ಲಿ. ಮೂರು ವರ್ಷದ ಮಗುವಾಗಿದ್ದಾಗ ಮಿದುಳು ಪೊರೆಯ ಉರಿಯೂತ ಬಂದು ಕಿವಿ ಕೇಳದಂತಾಯಿತು. ಮಾತು ಕಲಿಯುವ ವಯಸ್ಸಿನಲ್ಲೇ ಶಬ್ದ ಹೋದದ್ದರಿಂದ ಮಾತೂ ಸರಿಯಾಗಿ ಬರಲಿಲ್ಲ. ಗಂಟಲಿನಿಂದ ಒಂದು ಕೀರಲು ಧ್ವನಿ ಮಾತ್ರ ಹೊರಡುತ್ತಿತ್ತು. ಆ ಕೀರಲು ಧ್ವನಿ ಮುಂದೆ ಮೈದಾನದಲ್ಲಿ ಎಷ್ಟು ಉಪಯೋಗಕ್ಕೆ ಬಂತು ಎಂಬುದನ್ನು ನೋಡೋಣ.

ನಮ್ಮ ಕರಾವಳಿ, ಮಲೆನಾಡಿನ ಕಡೆ ದೂರದಲ್ಲಿರುವವರನ್ನು ‘ಹೋಯ್’ ಎಂದು ಕೂಗಿ ಕರೆಯುವುದುಂಟು. ಆ ಕೂಗು ಎಂದೂ ಕೇಳಿಸದ ಮನುಷ್ಯನ ಹೆಸರೇ ಅದು ಎಂಬುದು ಕನ್ನಡದಲ್ಲಿ ಓದುವವರಿಗೆ ಮಾತ್ರ ದಕ್ಕುವ ವಿಚಿತ್ರ.

ಆಟಕ್ಕೆ ಬರುವ ಮೊದಲು ಏನು ಮಾಡುತ್ತಿದ್ದರು?

ಮೋಚಿಯ ಕೆಲಸ. ಕೊಲಂಬಸ್‌ನಲ್ಲಿದ್ದ ಕಿವುಡರ ಸರ್ಕಾರಿ ಶಾಲೆಯಲ್ಲಿ ಓದಿ, ತರಗತಿಗೇ ಮೊದಲಿಗರಾಗಿ ಹೊರಬಂದರು. ಆ ಕಾಲದ ಇಂಥ ಶಾಲೆಗಳಲ್ಲಿ ಅಕ್ಷರದ ಜೊತೆಗೆ ಒಂದು ಕಸುಬನ್ನೂ ಕಲಿಸುತ್ತಿದ್ದರು. ಹೋಯ್ ಕಲಿತದ್ದು ಪಾದರಕ್ಷೆ ಹೊಲಿಯುವುದನ್ನು. ಊರಿಗೆ ಮರಳಿ ಅಂಗಡಿ ಇಟ್ಟರು. ಬೇಸಿಗೆ ಬಂತೆಂದರೆ ಹಳ್ಳಿಯ ಜನ ಬರಿಗಾಲಲ್ಲಿ ಓಡಾಡುವವರು, ಹಾಗಾಗಿ ಅಂಗಡಿಯಲ್ಲಿ ನೊಣ ಹೊಡೆಯುವ ಕೆಲಸ. ಆ ಬಿಡುವಿನಲ್ಲಿ ಅಂಗಡಿಯ ಮುಂದೆ ಊರ ಹುಡುಗರ ಜೊತೆ ಚೆಂಡಾಟ. ದಾರಿಹೋಕರೊಬ್ಬರು ಅದನ್ನು ಕಂಡು ಪಕ್ಕದ ಪಟ್ಟಣವೊಂದರ ತಂಡಕ್ಕೆ ಕರೆದರು. ಅಲ್ಲಿ ವೃತ್ತಿಪರ ಪಿಚರ್ (ಬ್ಯಾಟ್ಸ್‌ಮನ್‌ಗೆ ಚೆಂಡು ಎಸೆಯುವವನು) ಒಬ್ಬನ ಎಸೆತಗಳನ್ನು ಚೆನ್ನಾಗಿ ಬಾರಿಸಿದ ಮೇಲೆ ಅಂಗಡಿಗೆ ಬೀಗ ಬಿತ್ತು.

ಸಂಬಳದ ಮಾತಿನಲ್ಲಿ ಮನುಷ್ಯ ಮೆದುವಲ್ಲ. ಮಿಲ್ವಾಕಿ ತಂಡದವರು ಕಡಿಮೆ ಸಂಬಳ ಹೇಳಿದರೆಂದು ಅಲ್ಲಿಂದ ಎದ್ದು ವಿಸ್ಕಾನ್ಸಿನ್ ರಾಜ್ಯದ್ದೇ ಆದ ಆಶ್‌ಕಾಶ್ ಊರಿನ ತಂಡ ಸೇರಿದರು. ಮಿಲ್ವಾಕಿಯವರು ಆಮೇಲೆ ಹೆಚ್ಚು ಕೊಡುತ್ತೇವೆಂದರೂ ಹಿಂದಿರುಗಿ ನೋಡಲಿಲ್ಲ.

ಔಟ್‌ಫೀಲ್ಡರ್ ಎಂದರೆ ಏನು? ಕಿವಿ ಕೇಳದವರಿಗೆ ಅದು ಕಷ್ಟವೇ?

ಕ್ರಿಕೆಟ್ ಬಲ್ಲವರಿಗೆ ಹೀಗೆ ಹೇಳಬಹುದು. ಬೇಸ್‌ಬಾಲ್ ಮೈದಾನ ಬೀಸಣಿಗೆಯಂತೆ ಬಿಚ್ಚಿಕೊಂಡಿರುತ್ತದೆ. ಹಿಡಿಯ ಬಳಿ ಬ್ಯಾಟ್ಸ್‌ಮನ್, ಅಂಚಿನ ಬಳಿ ಮೂವರು ಔಟ್‌ಫೀಲ್ಡರ್‌ಗಳು: ಎಡ, ನಡು, ಬಲ. ಚೆಂಡು ಬಾರಿಸಿದವನು ಬೇಸ್ ಎಂಬ ಮೂರು ತಂಗುದಾಣಗಳನ್ನು ಸುತ್ತಿ, ಹೊರಟ ಜಾಗವಾದ ಹೋಮ್ ಪ್ಲೇಟ್‌ಗೆ ಮರಳಿದರೆ ಒಂದು ರನ್. ಹೋಯ್ ಬಹುಪಾಲು ನಿಂತದ್ದು ನಡುವೆ, ಅಂದರೆ ಸೆಂಟರ್ ಫೀಲ್ಡ್‌ನಲ್ಲಿ. ಹೆಚ್ಚು ಓಡಬೇಕಾದ ಜಾಗ ಅದೇ. ನಾಲ್ಕೂ ಕಡೆಯಿಂದ ಸಂಗಡಿಗರು ಬಂದು ಡಿಕ್ಕಿ ಹೊಡೆಯಬಹುದಾದ ಜಾಗವೂ ಅದೇ.

ತೊಡಕು ಎರಡು. ಬ್ಯಾಟಿಗೆ ಚೆಂಡು ತಾಗಿದ ಸದ್ದಿನಿಂದಲೇ ಅದು ಎಷ್ಟು ದೂರ ಹೋದೀತು ಎಂದು ಅಂದಾಜು ಮಾಡುವವರು ಬಹಳ. ಹೋಯ್ ಪಾಲಿಗೆ ಆ ಸದ್ದಿಲ್ಲ, ಎಲ್ಲವನ್ನೂ ಕಣ್ಣೇ ಮಾಡಬೇಕು. ಎರಡನೆಯದು ಅಪಾಯದ ವಿಷಯ. ಮೇಲೆದ್ದ ಚೆಂಡಿಗೆ ಇಬ್ಬರು ಮೂವರು ಒಟ್ಟಿಗೆ ಓಡುತ್ತಾರೆ, ಒಬ್ಬ ‘ನನ್ನದು’ ಎಂದು ಕೂಗುತ್ತಾನೆ, ಉಳಿದವರು ನಿಲ್ಲುತ್ತಾರೆ. ಕೂಗು ಕೇಳಿಸದವನ ಗತಿ ಏನು?

ಹೋಯ್ ಈ ಲೆಕ್ಕವನ್ನು ತಿರುಗಿಸಿ ಹಾಕಿದರು. 1888ರಲ್ಲಿ ವಾಷಿಂಗ್ಟನ್ ತಂಡಕ್ಕೆ ಬಂದಾಗ ಆಟಗಾರರ ಕೋಣೆಯಲ್ಲಿ ಒಂದು ಬರಹ ಅಂಟಿಸಿದರು. ಅದರ ಸಾರ ಇಷ್ಟು: ನನಗೆ ಕಿವಿ ಕೇಳದು, ನಿಮಗೆ ಗೊತ್ತಿದೆ, ಚೆಂಡು ನನ್ನದಾದರೆ ನಾನು ಕೂಗುತ್ತೇನೆ, ಆಗ ನೀವು ಬಿಡಿ, ನನ್ನ ಕೂಗು ಕೇಳದಿದ್ದರೆ ನಾನು ಬರುತ್ತಿಲ್ಲವೆಂದು ತಿಳಿದು ನಿಮ್ಮ ಕೆಲಸ ನೋಡಿಕೊಳ್ಳಿ. ಎಡ, ಬಲ ಬದಿಯ ಔಟ್‌ಫೀಲ್ಡರ್‌ಗಳು, ಎರಡನೇ ಮತ್ತು ಮೂರನೇ ಬೇಸ್ ನಡುವೆ ನಿಲ್ಲುವ ಶಾರ್ಟ್‌ಸ್ಟಾಪ್, ಎರಡನೇ ಬೇಸ್ ಕಾಯುವವನು ಎಂದು ನಾಲ್ವರನ್ನೂ ಅದರಲ್ಲಿ ಎಣಿಸಿ ಹೇಳಿದ್ದರು. ಕಿವಿ ಇರುವವರು ಕೇಳಿಸಿಕೊಂಡರೆ ಸಾಕು, ತನಗೆ ಕೇಳಬೇಕಾದ್ದಿಲ್ಲ! ಮೇಲೆ ಹೇಳಿದ ಕೀರಲು ಧ್ವನಿ ಕೆಲಸಕ್ಕೆ ಬಂದದ್ದು ಹೀಗೆ. ಅವರ ಪಕ್ಕದಲ್ಲಿ ಆಡಿದವರು ಮುಪ್ಪಿನಲ್ಲೂ ಆ ಸದ್ದನ್ನು ನೆನೆಯುತ್ತಿದ್ದರು. ನನ್ನನ್ನು ಕೇಳಿದರೆ ಅಂಪೈರ್ ಸನ್ನೆಯ ಕಥೆಗಿಂತ ಈ ಒಂದು ಹಾಳೆ ದೊಡ್ಡದು. ಕರುಣೆ ಬೇಡಿದ್ದಲ್ಲ, ಹೊಸ ಕೆಲಸದವರಿಗೆ ಮೇಸ್ತ್ರಿ ಹೇಳುವ ಹಾಗೆ ಹೇಳಿದ್ದು.

‘ಡಮ್ಮಿ’ ಹೋಯ್ ಎಂದು ಕರೆಯುತ್ತಿದ್ದರಂತೆ. ಅದು ಅವಮಾನವಲ್ಲವೇ?

ಇಂದಿನ ಕಿವಿಗೆ ಅವಮಾನವೇ. ಕನ್ನಡದಲ್ಲಿ ನಾವು ಡಮ್ಮಿ ಅಭ್ಯರ್ಥಿ ಎಂದಾಗ ಬರುವ ‘ನಾಮಕಾವಾಸ್ತೆ’ ಎಂಬ ಅರ್ಥ ಇಲ್ಲಿಯದಲ್ಲ. ಆ ಕಾಲದ ಅಮೆರಿಕದಲ್ಲಿ ಮಾತು ಬಾರದವರನ್ನು ಹಾಗೆನ್ನುತ್ತಿದ್ದರು. ದಡ್ಡ ಎಂಬ ಅರ್ಥವೂ ಅದಕ್ಕೆ ಅಂಟಿಕೊಂಡಿತ್ತು. ಕಿವಿ ಕೇಳದ ಆಟಗಾರರಿಗೆಲ್ಲ ಅದೇ ಅಡ್ಡಹೆಸರು. ನಮ್ಮ ಹಳ್ಳಿಗಳಲ್ಲಿ ಕುಂಟ ಸಿದ್ದ, ಕಿವುಡ ರಂಗ ಎಂದು ಊರೆಲ್ಲ ಕರೆದು, ಹಾಗೆ ಕರೆದದ್ದರಲ್ಲಿ ತಪ್ಪೇನಿದೆ ಎಂದು ಕೇಳುವ ಜನರನ್ನು ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಆದರೆ ಹೋಯ್ ಆ ಹೆಸರನ್ನು ತಾವೇ ಹೇಳಿಕೊಳ್ಳುತ್ತಿದ್ದರು, ವಿಲಿಯಂ ಎಂದವರನ್ನು ತಿದ್ದುತ್ತಿದ್ದರು ಎಂಬುದೂ ದಾಖಲಾಗಿದೆ. ಸುಲಭದ ಉತ್ತರ ಇಲ್ಲ. ಅವರಿಗೆ ಒಪ್ಪಿಗೆಯಿತ್ತು ಎಂಬುದರಿಂದ ಕೊಟ್ಟವರಿಗೆ ಹಕ್ಕಿತ್ತು ಎಂದಾಗುವುದಿಲ್ಲ. ಈ ಬರಹದಲ್ಲಿ ನಾನು ಹೋಯ್ ಎಂದಷ್ಟೇ ಬರೆದಿದ್ದೇನೆ.

ಮೇಜರ್ ಲೀಗ್ ಆಡಿದ ಮೊದಲ ಕಿವುಡ ಆಟಗಾರ ಇವರೇ ಅಲ್ಲವೇ?

ಅಲ್ಲ. ಅದು ಪಿಚರ್ ಎಡ್ ಡಂಡನ್, 1883ರಲ್ಲಿ, ಕೊಲಂಬಸ್ ತಂಡಕ್ಕೆ. ಅವರೂ ಅದೇ ಒಹಾಯೊ ಶಾಲೆಯವರು. ಡಂಡನ್ ಎರಡು ಸೀಸನ್ ಆಡಿ ಮರೆಯಾದರು. ಹೋಯ್ ಉಳಿದರು.

ಬ್ಯಾಟಿಂಗ್ ಮಾಡುವಾಗ ಏನು ತೊಂದರೆಯಾಗುತ್ತಿತ್ತು?

ಪಿಚರ್ ಎಸೆದ ಚೆಂಡಿಗೆ ಬ್ಯಾಟ್ ಬೀಸದೆ ಬಿಟ್ಟರೆ, ಅದು ಸರಿಯಾದ ಎಸೆತವೋ ಅಲ್ಲವೋ ಎಂದು ಅಂಪೈರ್ ತೀರ್ಪು ಹೇಳಬೇಕು. ಸರಿಯಾದದ್ದು ಸ್ಟ್ರೈಕ್, ತಪ್ಪಿದ್ದು ಬಾಲ್. ಅಂಪೈರ್ ನಿಲ್ಲುವುದು ಬ್ಯಾಟ್ಸ್‌ಮನ್‌ನ ಬೆನ್ನ ಹಿಂದೆ. ಆಗ ತೀರ್ಪನ್ನು ಬಾಯಲ್ಲಿ ಕೂಗುವುದಷ್ಟೇ ರೂಢಿ, ಕೈಸನ್ನೆ ಇರಲಿಲ್ಲ. ಮೈದಾನದಲ್ಲಿ ಅಂಕಿ ತೋರಿಸುವ ದೊಡ್ಡ ಫಲಕಗಳೂ ಇರಲಿಲ್ಲ.

1886ರಲ್ಲಿ ಆಶ್‌ಕಾಶ್ ತಂಡದಲ್ಲಿ ಹೋಯ್ ಪ್ರತಿ ಎಸೆತದ ನಂತರ ಹಿಂದಕ್ಕೆ ತಿರುಗಿ ಅಂಪೈರ್ ಮುಖ ನೋಡಿ ಕೇಳಬೇಕಿತ್ತು. ಎದುರಾಳಿ ಪಿಚರ್‌ಗಳು ಇದನ್ನು ಬೇಗ ಕಂಡುಕೊಂಡರು. ಈತ ತಿರುಗಿ ನೋಡಿ ಮತ್ತೆ ಬ್ಯಾಟ್ ಎತ್ತುವಷ್ಟರಲ್ಲಿ ಮುಂದಿನ ಚೆಂಡು ಹಾರಿ ಬರುತ್ತಿತ್ತು. ಆ ವರ್ಷ ಬ್ಯಾಟಿಂಗ್ ನೆಲ ಕಚ್ಚಿತು.

ಮರುವರ್ಷ ಉಪಾಯ ಹೂಡಿದರು. ಮೂರನೇ ಬೇಸ್ ಬಳಿ ನಿಂತ ತಮ್ಮ ತಂಡದ ಕೋಚ್‌ಗೆ ಹೇಳಿ, ಬಾಲ್ ಆದರೆ ಎಡಗೈ, ಸ್ಟ್ರೈಕ್ ಆದರೆ ಬಲಗೈ ಎತ್ತಿಸಿದರು. ಪಿಚರ್ ಕಡೆಯ ನೋಟ ತುಸುವೇ ಹೊರಳಿದರೂ ಕೋಚ್ ಕಾಣುತ್ತಾನೆ, ಬೆನ್ನು ತಿರುಗಿಸಬೇಕಾಗಿಲ್ಲ. 1887ರಲ್ಲಿ ಅವರ ಬ್ಯಾಟಿಂಗ್ ಏರಿದ ರೀತಿಯೇ ಇದಕ್ಕೆ ಸಾಕ್ಷಿ. ಆಶ್‌ಕಾಶ್ ಆ ವರ್ಷ ಚಾಂಪಿಯನ್ ಆಯಿತು. ಆ ಸೀಸನ್ನಿನ ಕೊನೆಯಲ್ಲಿ, ಮೈದಾನದ ಅಂಚಿನಲ್ಲಿ ನಿಂತಿದ್ದ ಕುದುರೆ ಗಾಡಿಯ ಮೇಲೆ ಹತ್ತಿ ಕ್ಯಾಚ್ ಹಿಡಿದರೆಂಬ ಕಥೆಯೂ ಇದೆ. ಆಗ ಪ್ರೇಕ್ಷಕರ ಗಾಡಿಗಳು ಆಟದ ಜಾಗದವರೆಗೂ ಬಂದು ನಿಲ್ಲುತ್ತಿದ್ದುದು ಹೌದು.

ಹಾಗಾದರೆ ಅಂಪೈರ್ ಕೈಸನ್ನೆ ಶುರುವಾದದ್ದು ಇವರಿಂದಲೇ?

ಬಂತು, ಸರದಿ ಬಂತು. ‘ಹೌದು’ ಎಂದು ಬರೆದವರೇ ಹೆಚ್ಚು, ಆದರೆ ಕಾಗದಪತ್ರಗಳು ಅಷ್ಟು ಧೈರ್ಯ ಕೊಡುವುದಿಲ್ಲ.

ಮೇಲೆ ಹೇಳಿದ ಕೋಚ್ ಕೈ ಎತ್ತುವ ಏರ್ಪಾಡು ನಿಜ. ಅಂಪೈರ್‌ಗಳು ಬಲಗೈ ಎತ್ತತೊಡಗಿದ್ದಕ್ಕೆ ಅದೇ ಮಾದರಿ ಎಂದು 1900ರಲ್ಲಿ ಹೋಯ್ ತಾವೇ ಬರೆದಿದ್ದರು. ಅತ್ತ, ಬಿಲ್ ಕ್ಲೆಮ್ ಎಂಬ ಹೆಸರಾಂತ ಅಂಪೈರ್‌ಗೆ ಹಾಲ್ ಆಫ್ ಫೇಮ್‌ನಲ್ಲಿ, ಅಂದರೆ ಬೇಸ್‌ಬಾಲ್ ದಿಗ್ಗಜರ ಗೌರವಮಂದಿರದಲ್ಲಿ, ಇರುವ ಫಲಕದಲ್ಲಿ ಆ ಶ್ರೇಯಸ್ಸು ಕ್ಲೆಮ್‌ಗೆ ಕೊಡಲಾಗಿದೆ. ಆದರೆ ಕ್ಲೆಮ್ ಮೇಜರ್ ಲೀಗ್‌ಗೆ ಬಂದದ್ದೇ 1905ರಲ್ಲಿ. ಸೈ ರಿಗ್ಲರ್ ಎಂಬ ಇನ್ನೊಬ್ಬ ಅಂಪೈರ್ ಅದೇ ವರ್ಷ ಚಿಕ್ಕ ಲೀಗ್‌ನಲ್ಲಿ ಸ್ಟ್ರೈಕ್‌ಗೆ ಬಲಗೈ ಎತ್ತುತ್ತಿದ್ದರು. ಇವೆಲ್ಲಕ್ಕಿಂತ ಹಿಂದೆ, 1886ರಲ್ಲಿ, ಅಲಬಾಮಾದ ಮೊಬೈಲ್ ನಗರದಲ್ಲಿ ಒಂದು ಆಟಕ್ಕೆ ಅಂಪೈರ್ ಆಗಿ ನಿಂತು ಕೈಸನ್ನೆಯಲ್ಲೇ ತೀರ್ಪು ಕೊಟ್ಟವರು ಆಗಲೇ ಹೇಳಿದ ಎಡ್ ಡಂಡನ್.

ನನ್ನ ಅಭಿಪ್ರಾಯ ಕೇಳುವಿರಾದರೆ, ಒಬ್ಬನೇ ಜನಕನನ್ನು ಹುಡುಕುವುದೇ ತಪ್ಪು. ಸಾವಿರಾರು ಜನ ಸೇರುವ ಮೈದಾನದಲ್ಲಿ ಅಂಪೈರ್ ಕೂಗಿದ್ದು ಕಿವಿ ಇದ್ದವರಿಗೂ ಕೇಳಿಸುತ್ತಿರಲಿಲ್ಲ. ಹಾಗಾಗಿ ಸನ್ನೆ ಎಲ್ಲರಿಗೂ ಬೇಕಾಗಿತ್ತು. ಬೌಂಡರಿ ದೂರದಲ್ಲಿ ಕುಳಿತ ನಮಗೆ ಕ್ರಿಕೆಟ್ ಅಂಪೈರ್ ಎತ್ತುವ ಬೆರಳು ಎಷ್ಟು ಮುಖ್ಯವೋ ಹಾಗೆ. ಈ ಅಗತ್ಯ ಮೊದಲು ಕಂಡದ್ದು ಕಿವುಡ ಆಟಗಾರರಿಗೆ ಎಂದು ಹೇಳಿದರೆ ಸುಳ್ಳಾಗದು.

1889ರ ಜೂನ್ 19ರ ಆಟದಲ್ಲಿ ಏನಾಯಿತು?

ಎದುರಾಳಿ ಇಂಡಿಯಾನಾಪೊಲಿಸ್. ಮೂರು ಬಾರಿ ಅವರ ಓಟಗಾರ ಮೂರನೇ ಬೇಸ್ ಸುತ್ತಿ ಹೋಮ್ ಪ್ಲೇಟ್ ಕಡೆಗೆ ಓಡಿದ. ಮೂರು ಬಾರಿಯೂ ಹೋಯ್ ಔಟ್‌ಫೀಲ್ಡ್‌ನಿಂದ ಎಸೆದ ಚೆಂಡು ಅವನಿಗಿಂತ ಮೊದಲು ತಲುಪಿತು. ಒಂದೇ ಆಟದಲ್ಲಿ ಮೂವರು, ಅದೂ ಹೋಮ್ ಪ್ಲೇಟ್‌ನಲ್ಲಿ. ಇಂದಿಗೂ ಇದನ್ನು ಸಾಧಿಸಿದ ಔಟ್‌ಫೀಲ್ಡರ್‌ಗಳನ್ನು ಬೆರಳಲ್ಲಿ ಎಣಿಸಬಹುದು. ಚೆಂಡನ್ನು ಹಿಡಿದು ಓಟಗಾರನಿಗೆ ತಾಗಿಸಿದ ಕ್ಯಾಚರ್, ಅಂದರೆ ಹೋಮ್ ಪ್ಲೇಟ್ ಹಿಂದೆ ನಿಲ್ಲುವವರು, ಕಾನಿ ಮ್ಯಾಕ್, ಮುಂದೆ ಫಿಲಡೆಲ್ಫಿಯಾ ತಂಡವನ್ನು ಐವತ್ತು ವರ್ಷ ನಡೆಸಿದವರು.

ಮೊದಲ ವರ್ಷವೇ 82 ಬೇಸ್ ಕದ್ದದ್ದು ನಿಜವೇ?

ನಿಜ. 1888ರಲ್ಲಿ ನ್ಯಾಷನಲ್ ಲೀಗ್‌ಗೇ ಅದು ಅತಿ ಹೆಚ್ಚು. ಪಿಚರ್ ಎಸೆಯುವ ಹೊತ್ತಿಗೆ ಮುಂದಿನ ಬೇಸ್‌ಗೆ ಓಡಿಬಿಡುವುದೇ ಬೇಸ್ ಕದಿಯುವುದು. ಆದರೆ ಒಂದು ಎಚ್ಚರಿಕೆ: 1898ಕ್ಕೆ ಮೊದಲು ಕದಿಯುವಿಕೆಯ ಲೆಕ್ಕ ಸಡಿಲವಾಗಿತ್ತು. ಸಂಗಡಿಗ ಬಾರಿಸಿದ ಹೊಡೆತದ ಮೇಲೆ ಓಟಗಾರ ಒಂದು ಬೇಸ್ ಹೆಚ್ಚಿಗೆ ಓಡಿದರೂ ಕದ್ದದ್ದೆಂದೇ ಬರೆಯುತ್ತಿದ್ದರು. ಆದ್ದರಿಂದ ಆ ಕಾಲದ ಅಂಕಿಗಳನ್ನು ಇಂದಿನವುಗಳ ಪಕ್ಕ ಇಟ್ಟು ತೂಗಬಾರದು. ಅದೇ ವರ್ಷ ಅದೇ ಲೀಗ್‌ನಲ್ಲಿ ಆಡಿದ ಇತರರ ಪಕ್ಕ ಇಟ್ಟರೆ ಮಾತ್ರ ಹೋಯ್ ಎಲ್ಲರಿಗಿಂತ ಮುಂದೆಯೇ. ‘ಹಿಂದಕ್ಕೆ ಬಾ’ ಎಂದು ಕೋಚ್ ಕಿರುಚುವ ಎಚ್ಚರಿಕೆಯೂ ಈ ಓಟಗಾರನಿಗೆ ಕೇಳುತ್ತಿರಲಿಲ್ಲ ಎಂಬುದು ನೆನಪಿರಲಿ.

ಅಷ್ಟೊಂದು ತಂಡ ಬದಲಿಸಿದ್ದೇಕೆ?

ಅರ್ಧ ಅವರ ಇಚ್ಛೆ, ಅರ್ಧ ಕಾಲದ ಅವಾಂತರ. ತಂಡವೊಂದು ಆಟಗಾರನನ್ನು ಬೇಕಾದಷ್ಟು ಕಾಲ ಕಟ್ಟಿಹಾಕಬಹುದೆಂಬ ನಿಯಮದ ವಿರುದ್ಧ ಆಟಗಾರರೇ ಸಿಡಿದೆದ್ದು 1890ರಲ್ಲಿ ಪ್ಲೇಯರ್ಸ್ ಲೀಗ್ ಎಂಬ ಸ್ವಂತ ಲೀಗ್ ಕಟ್ಟಿದರು. ಹೋಯ್ ಅದರ ಬಫಲೊ ತಂಡಕ್ಕೆ ಹೋದರು. ಒಂದೇ ವರ್ಷದಲ್ಲಿ ಅದು ಮುಳುಗಿತು. 1891ರಲ್ಲಿ ಅಮೆರಿಕನ್ ಅಸೋಸಿಯೇಷನ್‌ನ ಸೇಂಟ್ ಲೂಯಿಸ್. ಆ ವರ್ಷದ ಕೊನೆಗೆ ಆ ಅಸೋಸಿಯೇಷನ್ನೂ ಮುಚ್ಚಿತು. ಮತ್ತೆ ವಾಷಿಂಗ್ಟನ್ ಎರಡು ವರ್ಷ, ಸಿನ್ಸಿನಾಟಿ ನಾಲ್ಕು ವರ್ಷ, ಲೂಯಿವಿಲ್ ಎರಡು ವರ್ಷ. 1899 ಮುಗಿಯುತ್ತಿದ್ದಂತೆ ಲೀಗ್ ಹನ್ನೆರಡು ತಂಡಗಳಿಂದ ಎಂಟಕ್ಕೆ ಇಳಿದು ಲೂಯಿವಿಲ್ ತಂಡವೂ ಇಲ್ಲವಾಯಿತು. ಈ ಮನುಷ್ಯ ಕಾಲಿಟ್ಟಲ್ಲೆಲ್ಲ ಬಾಗಿಲು ಮುಚ್ಚುತ್ತಿತ್ತು ಎಂದು ತಮಾಷೆಗೆ ಹೇಳಬಹುದು.

ಆದರೆ ಮುಂದಿನದು ಹಾಗಲ್ಲ. ಶಿಕಾಗೊ ತಂಡ ಸೇರಿದರು, ಅದು ಹೊಸ ಅಮೆರಿಕನ್ ಲೀಗ್‌ನಲ್ಲಿತ್ತು. ಆ ಲೀಗ್ ಮೇಜರ್ ಎನಿಸಿಕೊಂಡ ಮೊದಲ ವರ್ಷ 1901ರಲ್ಲೇ ಶಿಕಾಗೊ ಗೆದ್ದಿತು. 39ನೇ ವಯಸ್ಸಿನಲ್ಲಿ ಹೋಯ್ ಲೀಗ್‌ನಲ್ಲೇ ಅತಿ ಹೆಚ್ಚು ಬಾರಿ ‘ವಾಕ್’ ಪಡೆದರು. ಅಂದರೆ ಕೆಟ್ಟ ಎಸೆತಗಳನ್ನು ಮುಟ್ಟದೆ ಬಿಟ್ಟು ಪುಕ್ಕಟೆಯಾಗಿ ಮೊದಲ ಬೇಸ್‌ಗೆ ನಡೆದದ್ದು. ಕಣ್ಣಿನ ತಾಳ್ಮೆ ಎಂದರೆ ಅದು. ಒಟ್ಟು ನಾಲ್ಕು ಮೇಜರ್ ಲೀಗ್‌ಗಳಲ್ಲಿ ಆಡಿದಂತಾಯಿತು.

ಒಟ್ಟಾರೆ ಅಂಕಿಗಳು: 2,040ಕ್ಕೂ ಹೆಚ್ಚು ಹಿಟ್, 1,400ಕ್ಕೂ ಹೆಚ್ಚು ರನ್, ಸಾವಿರ ದಾಟಿದ ವಾಕ್, ಆರುನೂರಕ್ಕೆ ಕೆಲವೇ ಕಡಿಮೆ ಕದ್ದ ಬೇಸ್.

1902ರ ಮೇ 16ರ ಆಟವನ್ನು ಏಕೆ ನೆನೆಯುತ್ತಾರೆ?

ಹೋಯ್ ಆಗ ಮತ್ತೆ ಸಿನ್ಸಿನಾಟಿಯಲ್ಲಿದ್ದರು, ಅದೇ ಕೊನೆಯ ಮೇಜರ್ ಲೀಗ್ ಸೀಸನ್. ಎದುರಾಳಿ ನ್ಯೂಯಾರ್ಕ್ ಜೈಂಟ್ಸ್ ತಂಡದ ಪಿಚರ್ ಲೂಥರ್ ಟೇಲರ್. ಅವರಿಗೂ ಕಿವಿ ಕೇಳದು. ಮೇಜರ್ ಲೀಗ್‌ನಲ್ಲಿ ಕಿವುಡ ಪಿಚರ್‌ಗೆ ಕಿವುಡ ಬ್ಯಾಟ್ಸ್‌ಮನ್ ಎದುರಾದದ್ದು ಅಂದು. ಬ್ಯಾಟ್ ಹಿಡಿದು ಬಂದ ಹೋಯ್ ‘ನಿಮ್ಮನ್ನು ಕಂಡು ಸಂತೋಷವಾಯಿತು’ ಎಂದು ಸನ್ನೆ ಭಾಷೆಯಲ್ಲಿ ಹೇಳಿ, ಆಮೇಲೆ ಟೇಲರ್ ಎಸೆತವನ್ನು ಸೆಂಟರ್ ಫೀಲ್ಡ್‌ಗೆ ಬಾರಿಸಿದರಂತೆ. ಉಭಯಕುಶಲೋಪರಿ ಬೇರೆ, ಆಟ ಬೇರೆ.

ಮನೆಯ ಕರೆಗಂಟೆಯ ಕಥೆ ಏನು?

ಹೋಯ್ 1898ರಲ್ಲಿ ಆನಾ ಮರಿಯಾ ಲೌರಿ ಅವರನ್ನು ಮದುವೆಯಾದರು. ಅವರೂ ಕಿವುಡರು, ಕಿವುಡ ಮಕ್ಕಳಿಗೆ ಪಾಠ ಹೇಳುತ್ತಿದ್ದವರು. ಇಬ್ಬರಿಗೂ ಕೇಳದ ಮನೆಯಲ್ಲಿ ಬಾಗಿಲು ತಟ್ಟಿ ಏನು ಫಲ? ಸಿನ್ಸಿನಾಟಿಯಲ್ಲಿ ಜೊತೆಗಾರನಾಗಿದ್ದ ಸ್ಯಾಮ್ ಕ್ರಾಫರ್ಡ್ ಆ ಮನೆಗೆ ಹೋಗಿ ಕಂಡದ್ದನ್ನು ಹೇಳಿದ್ದಾರೆ. ಬಾಗಿಲಲ್ಲಿ ಗಂಟೆಯ ಬದಲು ಒಂದು ಗುಬಟು. ಬಂದವರು ಅದನ್ನು ಎಳೆದರೆ ಒಳಗೆ ಸೀಸದ ಗುಂಡೊಂದು ಬಿಡುಗಡೆಯಾಗಿ, ಮರದ ದೋಣಿಯಂಥ ದಾರಿಯಲ್ಲಿ ಉರುಳಿ, ಧೊಪ್ಪನೆ ನೆಲಕ್ಕೆ ಬೀಳುತ್ತಿತ್ತು. ಮರದ ನೆಲ ಅದುರುತ್ತಿತ್ತು. ಒಳಗಿದ್ದವರ ಅಂಗಾಲಿಗೆ ಆ ಅದುರು ತಾಗಿದರೆ, ಯಾರೋ ಬಂದಿದ್ದಾರೆ ಎಂದರ್ಥ.

ನಿವೃತ್ತಿಯ ನಂತರ ಹೇಗಿದ್ದರು?

1903ರಲ್ಲಿ ಪಶ್ಚಿಮ ಕರಾವಳಿಯ ಲಾಸ್ ಏಂಜಲೀಸ್ ತಂಡಕ್ಕೆ, 41ನೇ ವಯಸ್ಸಿನಲ್ಲಿ, ಇನ್ನೂರಕ್ಕೂ ಹೆಚ್ಚು ಆಟ ಆಡಿ ನಿಲ್ಲಿಸಿದರು. ಆ ಲೀಗ್‌ನ ಸೀಸನ್ ಅಷ್ಟು ಉದ್ದ. ಸಿನ್ಸಿನಾಟಿ ಬಳಿಯ ಮೌಂಟ್ ಹೆಲ್ದಿಯಲ್ಲಿ ಗಂಡ ಹೆಂಡತಿ ಹೈನುಗಾರಿಕೆ ನಡೆಸಿದರು, ಎರಡು ದಶಕ. ಮೊದಲ ಮಹಾಯುದ್ಧದ ಕಾಲದಲ್ಲಿ ಗುಡ್‌ಇಯರ್ ಟೈರ್ ಕಂಪನಿಯಲ್ಲಿ ನೂರಾರು ಕಿವುಡ ಕಾರ್ಮಿಕರ ಮೇಲ್ವಿಚಾರಣೆ ನೋಡಿಕೊಂಡರು. ಮಗ ಕಾರ್ಸನ್ ನ್ಯಾಯಾಧೀಶರಾದರು.

99ನೇ ವಯಸ್ಸಿನಲ್ಲಿ ಮೈದಾನಕ್ಕೆ ಬಂದದ್ದು ಹೌದೇ?

ಹೌದು. 1961ರ ಅಕ್ಟೋಬರ್ 7, ಸಿನ್ಸಿನಾಟಿಯ ಕ್ರಾಸ್ಲಿ ಫೀಲ್ಡ್, ವರ್ಷದ ಚಾಂಪಿಯನ್ ಯಾರೆಂದು ತೀರ್ಮಾನಿಸುವ ವರ್ಲ್ಡ್ ಸೀರೀಸ್‌ನ ಮೂರನೇ ಆಟ, ಎದುರಾಳಿ ನ್ಯೂಯಾರ್ಕ್ ಯಾಂಕೀಸ್. ಆರಂಭದ ಸಾಂಕೇತಿಕ ಎಸೆತ ಹೋಯ್ ಅವರದು. ಅವರು ಆಡುತ್ತಿದ್ದ ದಿನಗಳಲ್ಲಿ ಪ್ರೇಕ್ಷಕರು ಚಪ್ಪಾಳೆ ಕೇಳಿಸದ ಆಟಗಾರನಿಗಾಗಿ ಎದ್ದು ನಿಂತು ಟೋಪಿ, ತೋಳು ಬೀಸುತ್ತಿದ್ದರಂತೆ. ಅದೇ ವರ್ಷ ಡಿಸೆಂಬರ್ 15ರಂದು ತೀರಿಕೊಂಡರು.

ಹಾಲ್ ಆಫ್ ಫೇಮ್‌ನಲ್ಲಿ ಏಕಿಲ್ಲ?

ಕೂಪರ್ಸ್‌ಟೌನ್‌ನ ರಾಷ್ಟ್ರೀಯ ಹಾಲ್ ಆಫ್ ಫೇಮ್‌ನಲ್ಲಿ ಇಲ್ಲ. ಅಮೆರಿಕದ ಕಿವುಡ ಕ್ರೀಡಾಪಟುಗಳ ಸಂಘ 1951ರಲ್ಲೇ ತನ್ನ ಹಾಲ್ ಆಫ್ ಫೇಮ್‌ಗೆ ಸೇರಿಸಿತು, ಸಿನ್ಸಿನಾಟಿ ರೆಡ್ಸ್ ತಂಡ 2003ರಲ್ಲಿ. ವಾಷಿಂಗ್ಟನ್‌ನಲ್ಲಿ ಕಿವುಡರಿಗಾಗಿ ಇರುವ ಗ್ಯಾಲೊಡೆಟ್ ವಿಶ್ವವಿದ್ಯಾಲಯದ ಬೇಸ್‌ಬಾಲ್ ಮೈದಾನಕ್ಕೂ ಅವರದೇ ಹೆಸರು. ಕೂಪರ್ಸ್‌ಟೌನ್‌ಗೆ ಸೇರಿಸಬೇಕೆಂದು ಕಿವುಡ ಸಮುದಾಯದವರು ದಶಕಗಳಿಂದ ಕೇಳುತ್ತಿದ್ದಾರೆ. 0.288ರ ಆಸುಪಾಸಿನ ಬ್ಯಾಟಿಂಗ್ ಸರಾಸರಿ ಒಳ್ಳೆಯದೇ, ಆದರೆ ಆ ಕಾಲದ ಶಿಖರವೇನಲ್ಲ. ವಿರೋಧಿಸುವವರು ಹಿಡಿಯುವುದು ಅದನ್ನೇ. ಪರವಾಗಿ ಮಾತಾಡುವವರು ಅಂಪೈರ್ ಸನ್ನೆಯ ಕಥೆಯನ್ನು ಮುಂದಿಟ್ಟು ತಾವೇ ಪೇಚಿಗೆ ಸಿಕ್ಕಿಕೊಳ್ಳುತ್ತಾರೆ, ಏಕೆಂದರೆ ಅದು ಗಟ್ಟಿಯಾಗಿ ನಿಲ್ಲುವುದಿಲ್ಲ. ವಾಕ್‌ಗಳು, ಕದ್ದ ಬೇಸ್‌ಗಳು, ಸೆಂಟರ್ ಫೀಲ್ಡ್‌ನ ದುಡಿಮೆ, ಇವನ್ನಷ್ಟೇ ಇಟ್ಟು ವಾದಿಸುವುದು ವಾಸಿ.

ಅವರ ನಂತರ ಕಿವುಡ ಆಟಗಾರರು ಬಂದರೇ?

ಬಂದರು, ಆದರೆ ಬಹಳ ಕಡಿಮೆ. ಇತ್ತೀಚಿನವರಲ್ಲಿ 1993ರಿಂದ 2006ರ ನಡುವೆ ಆಡಿದ ಔಟ್‌ಫೀಲ್ಡರ್ ಕರ್ಟಿಸ್ ಪ್ರೈಡ್ ಮುಖ್ಯರು. ಅವರಿಗಿಂತ ಹಿಂದೆ, 1945ರಲ್ಲಿ, ಡಿಕ್ ಸಿಪೆಕ್. ಅವರನ್ನು ಗುರುತಿಸಿ ಮುಂದೆ ತಂದವರು ಲೂಥರ್ ಟೇಲರ್, ಆಗ ಇಲಿನಾಯ್ ರಾಜ್ಯದ ಕಿವುಡರ ಶಾಲೆಯಲ್ಲಿ ಕೆಲಸಕ್ಕಿದ್ದವರು. ಸಿಪೆಕ್ ಆಡಿದ್ದು ಸಿನ್ಸಿನಾಟಿಗೆ, ಔಟ್‌ಫೀಲ್ಡ್‌ನಲ್ಲಿ. ಹೋಯ್ 83ರ ಮುದುಕರಾಗಿ ಅದೇ ಊರಿನಲ್ಲಿದ್ದರು. ಕಿವಿ ಕೇಳದ ಮೇಜರ್ ಲೀಗ್ ಆಟಗಾರನಿಗೆ ಆ ಹಳೆಯ ಅಡ್ಡಹೆಸರು ಅಂಟದೇ ಹೋದದ್ದು ಅದೇ ಮೊದಲು. ಎಲ್ಲರೂ ಡಿಕ್ ಎಂದೇ ಕರೆದರು.